ಲೈಸೆನ್ಸ್ ಹೋಯಿತು, ನಿಯಮ ಉಳಿಯಿತು: ಟೆಕ್ಸಸ್‌ನ ಸೊಂಟದ ಪಿಸ್ತೂಲು

ಡಾಲಸ್ ಸುತ್ತಲಿನ ಊರುಗಳಲ್ಲಿ ಕೆಲವು ಅಂಗಡಿಗಳ ಗಾಜಿನ ಬಾಗಿಲ ಮೇಲೆ ಉದ್ದುದ್ದನೆಯ ಫಲಕಗಳು ಅಂಟಿರುತ್ತವೆ. ಒಂದೇ ಮಾತು, ಇಂಗ್ಲಿಷಿನಲ್ಲೂ ಸ್ಪ್ಯಾನಿಷಿನಲ್ಲೂ. ಊರಿಗೆ ಹೊಸಬರಾದವರು ಅದನ್ನು ಓದದೆಯೇ ಬಾಗಿಲು ತಳ್ಳಿಕೊಂಡು ಒಳಗೆ ಹೋಗುತ್ತಾರೆ. ನಿಂತು ಓದಿದರೆ ಗೊತ್ತಾಗುತ್ತದೆ, ಪಿಸ್ತೂಲು ಇಟ್ಟುಕೊಂಡು ಒಳಗೆ ಬರಬಾರದು ಎಂದು ಅಂಗಡಿಯವರು ಹೇಳುತ್ತಿದ್ದಾರೆ.

ಈ ಒಂದು ಮಾತು ಹೇಳಲು ಟೆಕ್ಸಸ್‌ನಲ್ಲಿ ಮೂರು ಫಲಕ ಬೇಕು. ಲೈಸೆನ್ಸ್ ಇದ್ದು ಪಿಸ್ತೂಲನ್ನು ಬಟ್ಟೆಯೊಳಗೆ ಮುಚ್ಚಿಟ್ಟುಕೊಂಡವರಿಗೆ ದಂಡ ಸಂಹಿತೆಯ 30.06ನೇ ಕಲಮಿನ ಫಲಕ. ಲೈಸೆನ್ಸ್ ಇದ್ದು ಕಾಣುವಂತೆ ಸೊಂಟಕ್ಕೆ ಕಟ್ಟಿಕೊಂಡವರಿಗೆ 30.07. ಲೈಸೆನ್ಸೇ ಇಲ್ಲದೆ ಪಿಸ್ತೂಲು ಇಟ್ಟುಕೊಂಡವರಿಗೆ 30.05. ಅಕ್ಷರಗಳು ಕನಿಷ್ಠ ಒಂದು ಇಂಚು ಎತ್ತರ ಇರಬೇಕು, ಬಣ್ಣ ಹಿನ್ನೆಲೆಗಿಂತ ಎದ್ದು ಕಾಣಬೇಕು, ಜನರ ಕಣ್ಣಿಗೆ ಬೀಳುವ ಜಾಗದಲ್ಲಿರಬೇಕು. ಒಂದು ಕಾನೂನಿನ ಮೇಲೆ ಇನ್ನೊಂದು, ಅದರ ಮೇಲೆ ಮತ್ತೊಂದು ಕೂತು ಈ ಬಾಗಿಲು ಹೀಗಾಗಿದೆ. ಹಳೆಯ ಮನೆಯ ಗೋಡೆಯ ಸುಣ್ಣ ಕೆರೆದರೆ ಒಳಗೆ ಪದರಪದರವಾಗಿ ಬೇರೆ ಬೇರೆ ಬಣ್ಣ ಸಿಗುವುದಿಲ್ಲವೇ, ಹಾಗೆ.

2021ರ ಸೆಪ್ಟೆಂಬರ್ 1ರಿಂದ ಟೆಕ್ಸಸ್‌ನಲ್ಲಿ ಕೈಬಂದೂಕು ಧರಿಸಿ ಬೀದಿಯಲ್ಲಿ ಓಡಾಡಲು ಲೈಸೆನ್ಸ್ ಬೇಕಿಲ್ಲ. ಇಂಥ ಕಾನೂನು ಈಗ ಅಮೆರಿಕದ 50 ರಾಜ್ಯಗಳ ಪೈಕಿ 29ರಲ್ಲಿ ಇದೆ. ಇದರ ಬಗ್ಗೆ ಮಾತು ಬಂದಾಗಲೆಲ್ಲ ‘ಸ್ವಾತಂತ್ರ್ಯವೋ ಸುರಕ್ಷತೆಯೋ’ ಎಂಬ ಒಂದೇ ಜಗ್ಗಾಟ ನಡೆಯುತ್ತದೆ. ನನಗೆ ಕಾಡುವುದು ಇನ್ನೊಂದು ಸಂಗತಿ. ಟೆಕ್ಸಸ್ ತೆಗೆದುಹಾಕಿದ್ದು ಲೈಸೆನ್ಸಿನ ಕಡ್ಡಾಯವನ್ನು ಮಾತ್ರ. ಎಲ್ಲಿಗೆ ಒಯ್ಯಬಾರದು, ಯಾರು ಒಯ್ಯಬಾರದು, ಹೇಗೆ ಒಯ್ಯಬಾರದು ಎಂಬ ನಿಯಮಗಳೆಲ್ಲ ಹಾಗೇ ಇವೆ. ಆ ನಿಯಮಗಳನ್ನು ಜನರಿಗೆ ಕೂರಿಸಿ ಹೇಳಿಕೊಡುತ್ತಿದ್ದ ಜಾಗ ಲೈಸೆನ್ಸಿನ ತರಗತಿಯಾಗಿತ್ತು. ಶಾಲೆಯ ಬಾಗಿಲು ಐಚ್ಛಿಕವಾಯಿತು, ಪರೀಕ್ಷೆ ಮಾತ್ರ ಎಲ್ಲರಿಗೂ ಕಡ್ಡಾಯವಾಗಿ ಉಳಿಯಿತು.

ನೂರಿಪ್ಪತ್ತು ವರ್ಷದ ನಿಷೇಧ

ಟೆಕ್ಸಸ್ ಎಂದೊಡನೆ ಕುದುರೆ, ಅಗಲ ಟೋಪಿ, ಸೊಂಟದ ರಿವಾಲ್ವರ್ ಕಣ್ಣಮುಂದೆ ಬರುತ್ತದೆ. ಆ ಚಿತ್ರವನ್ನು ನಮ್ಮ ತಲೆಗೆ ತುಂಬಿದ್ದು ಸಿನಿಮಾ. ಕಾನೂನಿನ ಪುಸ್ತಕದಲ್ಲಿ ಇರುವುದು ಬೇರೆ. 1871ರ ಏಪ್ರಿಲ್‌ನಲ್ಲಿ ಟೆಕ್ಸಸ್ ಶಾಸನಸಭೆ ಮಾರಕಾಯುಧಗಳನ್ನು ನಿಯಂತ್ರಿಸುವ ಕಾಯ್ದೆ ತಂದಿತು. ಮೈಮೇಲೆ, ಜೀನಿನಲ್ಲಿ ಅಥವಾ ಜೀನುಚೀಲದಲ್ಲಿ ಪಿಸ್ತೂಲು ಇಟ್ಟುಕೊಳ್ಳುವುದು ಅಪರಾಧವಾಯಿತು. ದಂಡ 25ರಿಂದ 100 ಡಾಲರ್. ಸ್ವಂತ ಜಮೀನಿನಲ್ಲಿ ಇದ್ದರೆ, ಪ್ರಯಾಣದಲ್ಲಿ ಇದ್ದರೆ, ಪ್ರಾಣಭಯಕ್ಕೆ ತಕ್ಕ ಕಾರಣ ಇದ್ದರೆ ವಿನಾಯಿತಿ. ‘ಪ್ರಯಾಣ’ ಎಂದರೆ ಎಷ್ಟು ದೂರ, ರಾತ್ರಿ ತಂಗಬೇಕೇ, ಪಕ್ಕದ ಕೌಂಟಿಗೆ ಹೋದರೆ ಸಾಕೇ ಎಂದು ಮುಂದೆ ದಶಕಗಟ್ಟಲೆ ನ್ಯಾಯಾಲಯಗಳಲ್ಲಿ ವಾದ ನಡೆಯಿತು.

ಆ ಕಾಯ್ದೆ ಹುಟ್ಟಿದ ಕಾಲವನ್ನು ಮರೆಯಬಾರದು. ಅಂತರ್ಯುದ್ಧ ಮುಗಿದು ಕೆಲವೇ ವರ್ಷ ಆಗಿತ್ತು. ಗುಲಾಮಗಿರಿಯಿಂದ ಬಿಡುಗಡೆಯಾದ ಕಪ್ಪು ಜನರ ಮೇಲೆ ರಾಜ್ಯದ ಉದ್ದಗಲಕ್ಕೂ ಹಲ್ಲೆ, ಕೊಲೆ ನಡೆಯುತ್ತಿದ್ದವು. ಎಡ್ಮಂಡ್ ಡೇವಿಸ್ ಗವರ್ನರ್ ಆಗಿದ್ದ ರಿಪಬ್ಲಿಕನ್ ಸರ್ಕಾರ ಆ ಹಿಂಸೆಯನ್ನು ತಡೆಯಲು ಹೆಣಗುತ್ತಿತ್ತು. ಅದೇ ಕಾಯ್ದೆ ಮುಂದೆ ಬೇರೆಯವರ ಕೈಗೆ ಹೋದಾಗ ಕಪ್ಪು ಜನರ, ಮೆಕ್ಸಿಕನ್ ಮೂಲದವರ ಮೇಲೆಯೇ ತಿರುಗಿದ್ದೂ ಉಂಟು. ಕಾನೂನಿನ ಅಕ್ಷರ ಒಂದೇ ಇದ್ದರೂ ಅದನ್ನು ಹಿಡಿದ ಕೈ ಯಾವುದು ಎನ್ನುವುದರ ಮೇಲೆ ಅದರ ಫಲ ನಿಂತಿರುತ್ತದೆ. ಈ ಇತಿಹಾಸದಿಂದ ಬಂದೂಕು ಹಕ್ಕಿನ ಪರ ಇರುವವರೂ ವಿರೋಧಿಗಳೂ ತಮಗೆ ಬೇಕಾದ ಅರ್ಧವನ್ನು ಮಾತ್ರ ಎತ್ತಿಕೊಳ್ಳುತ್ತಾರೆ.

1876ರ ಟೆಕ್ಸಸ್ ಸಂವಿಧಾನದ ಮೊದಲ ವಿಧಿಯ 23ನೇ ಪರಿಚ್ಛೇದ ಇನ್ನೂ ಸ್ಪಷ್ಟ. ತನ್ನ ರಕ್ಷಣೆಗೆ ಅಥವಾ ರಾಜ್ಯದ ರಕ್ಷಣೆಗೆ ಆಯುಧ ಹೊಂದುವ ಹಕ್ಕು ಪ್ರತಿ ನಾಗರಿಕನಿಗೂ ಇದೆ. ಆದರೆ ಅಪರಾಧ ತಡೆಯುವ ದೃಷ್ಟಿಯಿಂದ ಆಯುಧ ಧರಿಸುವುದನ್ನು ನಿಯಂತ್ರಿಸುವ ಅಧಿಕಾರ ಶಾಸನಸಭೆಗೆ ಇದೆ. ಇಟ್ಟುಕೊಳ್ಳುವುದು ಬೇರೆ, ಧರಿಸಿ ತಿರುಗುವುದು ಬೇರೆ ಎಂದು ಟೆಕ್ಸಸ್ ಜನ ತಾವೇ ಬರೆದುಕೊಂಡ ಮಾತು ಇದು. ಇಂದಿಗೂ ಅದು ಅಲ್ಲೇ ಇದೆ.

ಒಂದು ವಿಚಿತ್ರವನ್ನು ಇಲ್ಲೇ ಹೇಳಿಬಿಡಬೇಕು. ಬಂದೂಕುಗಳ ಪೈಕಿ ಈ ನಿಷೇಧ ಕೈಬಂದೂಕಿಗೆ ಮಾತ್ರ. ರೈಫಲ್, ಶಾಟ್‌ಗನ್‌ಗಳನ್ನು ಹೆಗಲಿಗೆ ಹಾಕಿಕೊಂಡು ಬೀದಿಯಲ್ಲಿ ನಡೆಯಲು ಟೆಕ್ಸಸ್‌ನಲ್ಲಿ ಯಾವ ಲೈಸೆನ್ಸೂ ಬೇಕಿರಲಿಲ್ಲ. ಉದ್ದನೆಯ ಕೋವಿ ಬೇಟೆಯದು, ಹೊಲದ್ದು, ಎಲ್ಲರಿಗೂ ಕಾಣುವಂಥದ್ದು. ಪಿಸ್ತೂಲು ಜಗಳದ್ದು, ಸಾರಾಯಿ ಅಂಗಡಿಯದು, ಮುಚ್ಚಿಡುವಂಥದ್ದು. ಹಿಂದಿನವರ ಲೆಕ್ಕ ಇದಾಗಿತ್ತು.

ಲ್ಯೂಬಿಸ್, ಕಿಲೀನ್

1991ರ ಅಕ್ಟೋಬರ್ 16ರ ಮಧ್ಯಾಹ್ನ ಕಿಲೀನ್ ಊರಿನ ಲ್ಯೂಬಿಸ್ ಎಂಬ ಹೋಟೆಲಿನ ಗಾಜಿನ ಗೋಡೆಗೆ ಒಬ್ಬ ತನ್ನ ಪಿಕಪ್ ಟ್ರಕ್ ನುಗ್ಗಿಸಿದ. ಇಳಿದು ಊಟಕ್ಕೆ ಕುಳಿತವರ ಮೇಲೆ ಎರಡು ಪಿಸ್ತೂಲುಗಳಿಂದ ಗುಂಡು ಹಾರಿಸಿದ. 23 ಜನ ಸತ್ತರು. ಕೊನೆಗೆ ತಾನೂ ಗುಂಡು ಹೊಡೆದುಕೊಂಡ.

ಅಂದು ತಂದೆತಾಯಿಯ ಜೊತೆ ಊಟಕ್ಕೆ ಬಂದಿದ್ದವರು ಸುಝಾನಾ ಗ್ರೇಶಿಯಾ, ಮುಂದೆ ಸುಝಾನಾ ಹಪ್. ಅವರ ಬಳಿ ಪಿಸ್ತೂಲು ಇತ್ತು. ಒಳಗೆ ತಂದರೆ ಕಾನೂನು ಉಲ್ಲಂಘನೆ ಆದೀತೆಂದು ಕಾರಿನಲ್ಲೇ ಬಿಟ್ಟಿದ್ದರು. ಕೊಲೆಗಾರನನ್ನು ತಡೆಯಲು ಮುಂದೆ ನುಗ್ಗಿದ ತಂದೆ ಗುಂಡಿಗೆ ಬಿದ್ದರು. ತಾಯಿ ಗಂಡನ ಪಕ್ಕದಿಂದ ಕದಲಲಿಲ್ಲ, ಅವರೂ ಹೋದರು. ಸುಝಾನಾ ಒಡೆದ ಕಿಟಕಿಯಿಂದ ಪಾರಾದರು. ನಂತರ ಅವರು ಶಾಸನಸಭೆಗಳ ಮುಂದೆ ಮತ್ತೆ ಮತ್ತೆ ಹೇಳಿದ್ದು ಒಂದೇ ಮಾತು: ನನಗೆ ಸಿಟ್ಟು ಕೊಲೆಗಾರನ ಮೇಲಲ್ಲ, ಪಿಸ್ತೂಲನ್ನು ಕಾರಿನಲ್ಲೇ ಬಿಡುವಂತೆ ಮಾಡಿದ ಶಾಸಕರ ಮೇಲೆ. 1996ರಲ್ಲಿ ಅವರೇ ಶಾಸನಸಭೆಗೆ ಆರಿಸಿ ಬಂದರು.

ಬಂದೂಕು ನಿಯಂತ್ರಣ ಬೇಕು ಎನ್ನುವ ನಾನು ಈ ಸಾಕ್ಷ್ಯವನ್ನು ಬದಿಗೆ ಸರಿಸಲಾರೆ. ಅಂದು ಆ ಪಿಸ್ತೂಲು ಕೈಯಲ್ಲಿ ಇದ್ದಿದ್ದರೆ ಏನಾಗುತ್ತಿತ್ತು ಎಂದು ಯಾರೂ ಹೇಳಲಾರರು. ಆದರೆ ಕಾನೂನಿಗೆ ತಲೆಬಾಗಿದ್ದಕ್ಕೇ ಹೆತ್ತವರನ್ನು ಕಳೆದುಕೊಂಡೆ ಎಂದು ಕಣ್ಣೆದುರು ಕಂಡ ಮಗಳಿಗೆ ಅಂಕಿಅಂಶ ತೋರಿಸಿ ಸಮಾಧಾನ ಹೇಳಲಾಗದು. ಟೆಕ್ಸಸ್‌ನ ಕಾನೂನು ಬದಲಾಗಲು ಈ ಒಂದು ಮಧ್ಯಾಹ್ನಕ್ಕಿಂತ ದೊಡ್ಡ ಕಾರಣ ಇರಲಿಲ್ಲ.

1993ರಲ್ಲಿ ಈ ವಿಷಯವನ್ನು ಜನಮತಕ್ಕೆ ಹಾಕುವ ಮಸೂದೆ ಗವರ್ನರ್ ಆ್ಯನ್ ರಿಚರ್ಡ್ಸ್ ಮುಂದೆ ಬಂದಾಗ ಅವರು ವೀಟೊ ಮಾಡಿದರು. ಮರುವರ್ಷದ ಚುನಾವಣೆಯಲ್ಲಿ ಜಾರ್ಜ್ ಡಬ್ಲ್ಯೂ. ಬುಷ್ ಎದುರು ಸೋತರು. ಸೋಲಿಗೆ ಇದೊಂದೇ ಕಾರಣ ಅಲ್ಲ, ಆದರೆ ಆ ಚುನಾವಣೆಯಲ್ಲಿ ಇದು ದೊಡ್ಡ ಮಾತಾಗಿತ್ತು. 1995ರಲ್ಲಿ ಬುಷ್ ಸಹಿ ಹಾಕಿದ ಕಾಯ್ದೆಯಿಂದ ಮುಚ್ಚಿಟ್ಟ ಕೈಬಂದೂಕಿಗೆ ಲೈಸೆನ್ಸ್ ಬಂತು.

ಆ ಲೈಸೆನ್ಸ್ ಹೇಗಿತ್ತು ಎಂಬುದು ಮುಖ್ಯ. ವಯಸ್ಸು 21 ಆಗಿರಬೇಕು. ಬೆರಳಚ್ಚು ಕೊಡಬೇಕು, ಅಪರಾಧ ಹಿನ್ನೆಲೆಯ ತಪಾಸಣೆ ಆಗಬೇಕು, 140 ಡಾಲರ್ ಶುಲ್ಕ ಕಟ್ಟಬೇಕು. 10ರಿಂದ 15 ಗಂಟೆಯ ತರಗತಿಯಲ್ಲಿ ಕೂತು ಬಲಪ್ರಯೋಗದ ಕಾನೂನು, ಜಗಳ ಬಿಡಿಸಿಕೊಳ್ಳುವ ಬಗೆ, ಬಂದೂಕನ್ನು ಮಕ್ಕಳ ಕೈಗೆ ಸಿಗದಂತೆ ಇಡುವ ಕ್ರಮ ಕಲಿಯಬೇಕು. ಬರೆಯುವ ಪರೀಕ್ಷೆ ಒಂದು, 50 ಗುಂಡಿನ ಗುರಿ ಪರೀಕ್ಷೆ ಇನ್ನೊಂದು. ಇಷ್ಟು ಮುಗಿಸಿದವರಿಗೆ ರಾಜ್ಯದ ಸಾರ್ವಜನಿಕ ಸುರಕ್ಷತಾ ಇಲಾಖೆ ಲೈಸೆನ್ಸ್ ಕೊಡಲೇಬೇಕು. ‘ನಿನಗೆ ಏಕೆ ಬೇಕು’ ಎಂದು ಕೇಳುವ ಹಾಗಿಲ್ಲ.

ನಮ್ಮಲ್ಲಿ ಇದು ತಿರುಗುಮುರುಗು. 1959ರ ಶಸ್ತ್ರಾಸ್ತ್ರ ಕಾಯ್ದೆಯಡಿ ಅರ್ಜಿ ಜಿಲ್ಲಾಧಿಕಾರಿಗೆ, ಬೆಂಗಳೂರಿನಲ್ಲಾದರೆ ಪೊಲೀಸ್ ಕಮಿಷನರಿಗೆ ಹೋಗುತ್ತದೆ. ಠಾಣೆಯಿಂದ ವರದಿ ಬರಬೇಕು. ಅಗತ್ಯ ಏನೆಂದು ಅರ್ಜಿದಾರ ಮನಗಾಣಿಸಬೇಕು. ಚುನಾವಣೆ ಬಂತೆಂದರೆ ಮಲೆನಾಡಿನ ತೋಟದವರು ಬೆಳೆ ಕಾಯುವ ಕೋವಿಯನ್ನು ಠಾಣೆಯಲ್ಲಿ ಠೇವಣಿ ಇಟ್ಟು ಬರುವುದು ವಾಡಿಕೆ. ಟೆಕ್ಸಸ್‌ನವರಿಗೆ ಇದನ್ನು ಹೇಳಿದರೆ ನಂಬಲಿಕ್ಕಿಲ್ಲ.

ತೆಳುವಾಗುತ್ತ ಬಂದ ಲೈಸೆನ್ಸ್

1995ರ ಬಾಗಿಲು ಒಮ್ಮೆ ತೆರೆದ ಮೇಲೆ ಪ್ರತಿ ಅಧಿವೇಶನದಲ್ಲೂ ಅದು ಇನ್ನಷ್ಟು ಅಗಲವಾಯಿತು. 2007ರಿಂದ ಸ್ವಂತ ಕಾರಿನಲ್ಲಿ ಪಿಸ್ತೂಲನ್ನು ಮುಚ್ಚಿಟ್ಟುಕೊಳ್ಳಲು ಲೈಸೆನ್ಸ್ ಬೇಡವಾಯಿತು. 2013ರಲ್ಲಿ 10–15 ಗಂಟೆಯ ತರಗತಿ 4–6 ಗಂಟೆಗೆ ಇಳಿಯಿತು. 2017ರಲ್ಲಿ ಶುಲ್ಕ 140ರಿಂದ 40 ಡಾಲರ್ ಆಯಿತು.

ಈ ನಡುವೆ 2013–14ರಲ್ಲಿ ಕೆಲವರು ರೈಫಲ್ ಹೆಗಲಿಗೇರಿಸಿ ಹೋಟೆಲುಗಳಿಗೆ ಗುಂಪಾಗಿ ಹೋಗತೊಡಗಿದರು. ರೈಫಲ್ ತೋರಿಸಿಕೊಂಡು ಹೋಗಬಹುದು, ಪಿಸ್ತೂಲು ತೋರಿಸಬಾರದು, ಇದು ಯಾವ ನ್ಯಾಯ ಎನ್ನುವುದು ಅವರ ಪ್ರಶ್ನೆ. ಗಿರಾಕಿಗಳು ಹೆದರಿದರು, ದಯವಿಟ್ಟು ಬಂದೂಕು ತರಬೇಡಿ ಎಂದು ಚಿಪೋಟ್ಲೆ ಎಂಬ ಹೋಟೆಲು ಸರಣಿ 2014ರ ಮೇ ತಿಂಗಳಲ್ಲಿ ಕೇಳಿಕೊಂಡಿತು. 2015ರ ಜೂನ್‌ನಲ್ಲಿ ಗವರ್ನರ್ ಗ್ರೆಗ್ ಅಬಟ್ ಫ್ಲೂಗರ್‌ವಿಲ್‌ನ ಗುರಿ ಅಭ್ಯಾಸದ ಕೇಂದ್ರವೊಂದರಲ್ಲಿ ಕುಳಿತು ಹೊಸ ಕಾಯ್ದೆಗೆ ಸಹಿ ಹಾಕಿದರು. 2016ರ ಜನವರಿ 1ರಿಂದ ಲೈಸೆನ್ಸ್ ಇದ್ದವರು ಹೆಗಲಿನ ಅಥವಾ ಸೊಂಟಪಟ್ಟಿಯ ಹೋಲ್‌ಸ್ಟರಿನಲ್ಲಿ ಪಿಸ್ತೂಲನ್ನು ಎಲ್ಲರಿಗೂ ಕಾಣುವಂತೆ ಧರಿಸಬಹುದಾಯಿತು.

ಅದರ ಜೊತೆಯ ಇನ್ನೊಂದು ಕಾಯ್ದೆಯಿಂದ ಸರ್ಕಾರಿ ವಿಶ್ವವಿದ್ಯಾಲಯಗಳ ಕಟ್ಟಡಗಳ ಒಳಕ್ಕೂ ಮುಚ್ಚಿಟ್ಟ ಪಿಸ್ತೂಲು ಬಂತು. ಅದು ಜಾರಿಗೆ ಬಂದ ದಿನ 2016ರ ಆಗಸ್ಟ್ 1. 1966ರ ಅದೇ ಆಗಸ್ಟ್ 1ರಂದು ಆಸ್ಟಿನ್‌ನ ಟೆಕ್ಸಸ್ ವಿಶ್ವವಿದ್ಯಾಲಯದ ಗೋಪುರ ಹತ್ತಿದ ವಿದ್ಯಾರ್ಥಿಯೊಬ್ಬ ಕೆಳಗಿದ್ದವರನ್ನು ಗುಂಡಿಟ್ಟು ಕೊಂದಿದ್ದ. ಸರಿಯಾಗಿ ಐವತ್ತನೇ ವರ್ಷದ ದಿನ. ಆ ಕ್ಯಾಂಪಸ್ಸಿನಲ್ಲಿ ಸ್ಮಾರಕದ ಮುಂದೆ ಹೂವಿಟ್ಟವರಿಗೆ ಅದು ಹೇಗೆ ಅನಿಸಿರಬೇಕು!

ಬಂದೂಕನ್ನು ತೋರಿಸಿಕೊಂಡು ಓಡಾಡುವ ಹಕ್ಕು ಪೊಲೀಸರಿಗೆ ಏನು ತಂದಿಟ್ಟಿತು ಎಂಬುದು 2016ರ ಜುಲೈ 7ರ ರಾತ್ರಿ ಡಾಲಸ್‌ನಲ್ಲಿ ಬಯಲಾಯಿತು. ಪೊಲೀಸರ ಗುಂಡಿಗೆ ಕಪ್ಪು ಜನ ಬಲಿಯಾಗುವುದನ್ನು ಪ್ರತಿಭಟಿಸಿ ಮೆರವಣಿಗೆ ನಡೆಯುತ್ತಿತ್ತು. ಬಂದವರಲ್ಲಿ ಕೆಲವರು ಕಾನೂನು ಕೊಟ್ಟ ಹಕ್ಕಿನಂತೆಯೇ ರೈಫಲ್ ಹೆಗಲಿಗೆ ಹಾಕಿಕೊಂಡಿದ್ದರು. ಒಬ್ಬ ಕೊಲೆಗಾರ ಗುಂಡಿನ ಮಳೆಗರೆದು ಐವರು ಪೊಲೀಸರನ್ನು ಕೊಂದ. ಆ ಗದ್ದಲದಲ್ಲಿ ಪೊಲೀಸ್ ಇಲಾಖೆ ಶಂಕಿತನೆಂದು ಒಬ್ಬನ ಫೋಟೊ ಹರಿಬಿಟ್ಟಿತು. ಆತ ಮೆರವಣಿಗೆಗೆ ಬಂದಿದ್ದ ಕಪ್ಪು ಯುವಕ, ರೈಫಲ್ ಇದ್ದುದೇ ಅವನ ತಪ್ಪು. ಸುದ್ದಿ ತಿಳಿದ ಕೂಡಲೇ ಅದನ್ನು ಪೊಲೀಸರ ಕೈಗೆ ಕೊಟ್ಟಿದ್ದ. ಗುಂಡು ಹಾರಲು ಶುರುವಾದ ಮೇಲೆ ಯಾರು ಒಳ್ಳೆಯವರು, ಯಾರು ಕೆಟ್ಟವರು ಎಂದು ಗೊತ್ತು ಮಾಡುವುದು ಬಹಳ ಕಷ್ಟ ಎಂದು ಆಗಿನ ಪೊಲೀಸ್ ಮುಖ್ಯಸ್ಥ ಡೇವಿಡ್ ಬ್ರೌನ್ ಬಹಿರಂಗವಾಗಿಯೇ ಹೇಳಿದರು. ಕಾನೂನು ಇದಕ್ಕೆ ಇಂದಿಗೂ ಉತ್ತರ ಕೊಟ್ಟಿಲ್ಲ. ಕೊಟ್ಟ ಹಕ್ಕು ಕಪ್ಪು ಯುವಕನ ಹೆಗಲ ಮೇಲೂ ಬಿಳಿಯನ ಹೆಗಲ ಮೇಲೂ ಒಂದೇ ತೂಕದ್ದಾಗಿದೆಯೇ ಎಂಬ ಪ್ರಶ್ನೆಗೂ ಕೊಟ್ಟಿಲ್ಲ.

2021ರಲ್ಲಿ ಹೋದದ್ದು, ಉಳಿದದ್ದು

2021ರ ಅಧಿವೇಶನಕ್ಕೆ ಟೈಲರ್ ಊರಿನ ಶಾಸಕ ಮ್ಯಾಟ್ ಶೇಫರ್ ತಂದ ಮಸೂದೆಯ ಸಂಖ್ಯೆ 1927. ಹೊತ್ತಿನ ನೆನಪು ಇರಲಿ: 2019ರ ಆಗಸ್ಟ್ 3ರಂದು ಎಲ್ ಪಾಸೊದ ವಾಲ್‌ಮಾರ್ಟ್‌ನಲ್ಲಿ 23 ಜನ, ಅದೇ ತಿಂಗಳ 31ರಂದು ಮಿಡ್‌ಲ್ಯಾಂಡ್–ಒಡೆಸಾದಲ್ಲಿ 7 ಜನ ಗುಂಡಿಗೆ ಬಲಿಯಾಗಿ ಎರಡು ವರ್ಷ ತುಂಬಿರಲಿಲ್ಲ. ಒಡೆಸಾದ ಕೊಲೆಗಾರ ಬಂದೂಕು ಅಂಗಡಿಯ ಹಿನ್ನೆಲೆ ತಪಾಸಣೆಯಲ್ಲಿ ಹಿಂದೆಯೇ ಅನುತ್ತೀರ್ಣನಾಗಿದ್ದ. ಆಮೇಲೆ ಖಾಸಗಿ ವ್ಯಕ್ತಿಯೊಬ್ಬನಿಂದ ಕೊಂಡ. ಟೆಕ್ಸಸ್‌ನಲ್ಲಿ ಖಾಸಗಿ ಮಾರಾಟಕ್ಕೆ ತಪಾಸಣೆ ಬೇಕಿಲ್ಲ. ಆ ಕಿಂಡಿ ಇಂದಿಗೂ ಮುಚ್ಚಿಲ್ಲ. ಮುಚ್ಚುವ ಬದಲು ಶಾಸನಸಭೆ ಲೈಸೆನ್ಸಿನ ಕಡ್ಡಾಯವನ್ನು ತೆಗೆಯಿತು. ಹಲವು ಪೊಲೀಸ್ ಮುಖ್ಯಸ್ಥರು, ಲೈಸೆನ್ಸ್ ತರಗತಿ ನಡೆಸುವ ಬೋಧಕರು ಬೇಡವೆಂದರು. ಆಗಿನ ಜನಾಭಿಪ್ರಾಯ ಸಮೀಕ್ಷೆಯಲ್ಲಿ ಅರ್ಧಕ್ಕಿಂತ ಹೆಚ್ಚು ಟೆಕ್ಸಸ್ ಜನ ವಿರೋಧಿಸಿದ್ದರು. ಜೂನ್‌ನಲ್ಲಿ ಅಬಟ್ ಸಹಿ ಬಿತ್ತು.

ಆಗ ರಾಜ್ಯದಲ್ಲಿ ಚಾಲ್ತಿಯಲ್ಲಿದ್ದ ಲೈಸೆನ್ಸುಗಳು 16 ಲಕ್ಷಕ್ಕೂ ಹೆಚ್ಚು. ಬೇಡಿಕೆಗೆ ಬರ ಇರಲಿಲ್ಲ, 40 ಡಾಲರ್ ಯಾರಿಗೂ ದೊಡ್ಡ ಅಡ್ಡಗೋಡೆಯಾಗಿರಲಿಲ್ಲ. ತನ್ನ ಹಕ್ಕಿಗೆ ಸರ್ಕಾರದ ಅಪ್ಪಣೆ ಏಕೆ ಕೇಳಬೇಕು ಎಂಬ ತತ್ವವೇ ಇಲ್ಲಿ ಗೆದ್ದದ್ದು.

ಈಗ ಉಳಿದ ನಿಯಮಗಳನ್ನು ನೋಡಿ. ಪಿಸ್ತೂಲು ಕಾಣುವಂತಿದ್ದರೆ ಹೋಲ್‌ಸ್ಟರಿನಲ್ಲೇ ಇರಬೇಕು. ಕುಡಿದ ಅಮಲಿನಲ್ಲಿ ಹೊರಗೆ ಧರಿಸುವ ಹಾಗಿಲ್ಲ. ಇತರರಿಗೆ ದಿಗಿಲು ಹುಟ್ಟಿಸುವ ರೀತಿಯಲ್ಲಿ ತೋರಿಸಿದರೆ ಶಾಂತಿಭಂಗದ ಅಪರಾಧ. ಘೋರ ಅಪರಾಧದಲ್ಲಿ ಶಿಕ್ಷೆಯಾದವರು ಧರಿಸುವಂತಿಲ್ಲ. ಸಿಕ್ಕಿಬಿದ್ದರೆ ಕನಿಷ್ಠ ಐದು ವರ್ಷ ಸೆರೆ. ಹೊಡೆದು ಗಾಯಗೊಳಿಸಿದ್ದು, ಬೆದರಿಕೆ ಹಾಕಿದ್ದು ಮುಂತಾದ ಕೆಲವು ಸಣ್ಣ ಅಪರಾಧಗಳಲ್ಲಿ ಹಿಂದಿನ ಐದು ವರ್ಷದಲ್ಲಿ ಶಿಕ್ಷೆಯಾಗಿದ್ದರೂ ಇಲ್ಲ. ಶಾಲೆ, ಮತಗಟ್ಟೆ, ನ್ಯಾಯಾಲಯ, ವಿಮಾನ ನಿಲ್ದಾಣದ ತಪಾಸಣೆ ದಾಟಿದ ಜಾಗ, ಜೈಲು, ವೃತ್ತಿಪರ ಪಂದ್ಯ ನಡೆಯುವ ಕ್ರೀಡಾಂಗಣ, ಇವೆಲ್ಲ ನಿಷಿದ್ಧ. ಬಾರುಗಳದು ಇನ್ನೊಂದು ಲೆಕ್ಕ: ಅಲ್ಲೇ ಕುಡಿಯುವ ಮದ್ಯದಿಂದ ಆದಾಯದ 51 ಪ್ರತಿಶತ ಅಥವಾ ಅದಕ್ಕಿಂತ ಹೆಚ್ಚು ಬರುವ ಜಾಗದಲ್ಲಿ ‘51%’ ಎಂಬ ದೊಡ್ಡ ಕೆಂಪು ಅಕ್ಷರದ ಫಲಕ ಇರುತ್ತದೆ. ಅಲ್ಲಿಗೆ ಪಿಸ್ತೂಲು ಒಯ್ದರೆ ಘೋರ ಅಪರಾಧ. ಪಕ್ಕದ ರೆಸ್ಟೋರೆಂಟಿನಲ್ಲಿ ಬಿಯರ್ ಸಿಕ್ಕರೂ ಊಟದ್ದೇ ಹೆಚ್ಚಿನ ಆದಾಯವಾದರೆ ಅಲ್ಲಿಗೆ ಒಯ್ಯಬಹುದು. ಈ ಎರಡರ ನಡುವಿನ ವ್ಯತ್ಯಾಸವನ್ನು ತರಗತಿಯಲ್ಲಿ ಕೂರದವನು ಎಲ್ಲಿಂದ ತಿಳಿಯಬೇಕು?

ಇನ್ನೂ ತೊಡಕಿನದು ಒಕ್ಕೂಟ ಸರ್ಕಾರದ 1990ರ ಶಾಲಾ ವಲಯ ಕಾನೂನು. ಶಾಲೆಯ ಸುತ್ತ 1000 ಅಡಿಯೊಳಗೆ ಬಂದೂಕು ಇಟ್ಟುಕೊಳ್ಳುವುದು ಅಪರಾಧ. ಖಾಸಗಿ ಜಾಗದೊಳಗೆ ಇದ್ದರೆ, ಗುಂಡು ತುಂಬದೆ ಬೀಗ ಹಾಕಿದ ಪೆಟ್ಟಿಗೆಯಲ್ಲಿ ಇದ್ದರೆ ವಿನಾಯಿತಿ. ಆ ರಾಜ್ಯವೇ ಕೊಟ್ಟ ಲೈಸೆನ್ಸ್ ಇದ್ದವರಿಗೂ ವಿನಾಯಿತಿ. ಲೈಸೆನ್ಸ್ ಇಲ್ಲದೆ ಧರಿಸಿದವನಿಗೆ ಇಲ್ಲ. 1000 ಅಡಿ ಎಂದರೆ ಸುಮಾರು 300 ಮೀಟರ್. ಡಾಲಸ್ ಬಳಿಯ ಪ್ಲೇನೊ, ಫ್ರಿಸ್ಕೊದಂಥ ಊರುಗಳಲ್ಲಿ ಶಾಲೆಯೊಂದರ 300 ಮೀಟರಿನೊಳಗೆ ಹೋಗದೆ ದಿನದ ಓಡಾಟ ಮುಗಿಯುವುದು ಕಷ್ಟ. ಅಂದರೆ ರಾಜ್ಯದ ರಾಜಧಾನಿ ಆಸ್ಟಿನ್‌ನ ಶಾಸನಸಭೆ ಸರಿ ಎಂದದ್ದನ್ನು ಮಾಡುತ್ತಲೇ ಒಬ್ಬಾತ ವಾಷಿಂಗ್ಟನ್‌ನ ಕಾನೂನಿನಲ್ಲಿ ತಿಳಿಯದೆಯೇ ತಪ್ಪಿತಸ್ಥನಾಗುತ್ತಾನೆ. ಎಷ್ಟು ಜನರ ಮೇಲೆ ಇದಕ್ಕೆ ಕೇಸು ಹಾಕುತ್ತಾರೆ ಎನ್ನುವುದು ಬೇರೆ ಮಾತು. ಪೊಲೀಸರು ಯಾರ ಮೇಲೆ ಬೇಕೋ ಅವರ ಮೇಲೆ ಹಾಕಬಹುದಾದ ಕಾನೂನು ಒಂದು ಸದಾ ನೆತ್ತಿಯ ಮೇಲೆ ತೂಗುತ್ತಿರುವುದೇ ಅಪಾಯ.

ಅಂಕಿಅಂಶ ಏನು ಹೇಳುತ್ತದೆ

ಲೈಸೆನ್ಸ್‌ದಾರರ ನಡತೆಯ ಬಗ್ಗೆ ಟೆಕ್ಸಸ್‌ನ ಸುರಕ್ಷತಾ ಇಲಾಖೆ ವರ್ಷವರ್ಷ ಪಟ್ಟಿ ಹೊರಡಿಸುತ್ತ ಬಂದಿದೆ. ರಾಜ್ಯದಲ್ಲಿ ಶಿಕ್ಷೆಗೊಳಗಾದವರಲ್ಲಿ ಅವರ ಪಾಲು ಒಂದು ಪ್ರತಿಶತಕ್ಕಿಂತ ಬಹಳ ಕಡಿಮೆ. ಬಂದೂಕು ಹಕ್ಕಿನ ಪರ ಇರುವವರು ಇದನ್ನು ಹೆಮ್ಮೆಯಿಂದ ಎತ್ತಿ ತೋರಿಸುತ್ತಾರೆ, ತೋರಿಸಬೇಕಾದದ್ದೇ. ಆದರೆ ಆ ಅಂಕಿ ಹೇಳುವುದು ಏನನ್ನು? ತರಗತಿ, ಬೆರಳಚ್ಚು, ತಪಾಸಣೆ, ಪರೀಕ್ಷೆ ದಾಟಿ ಬಂದವರು ಜವಾಬ್ದಾರಿಯಿಂದ ನಡೆದುಕೊಂಡರು ಎಂದು. ಜರಡಿ ಹಿಡಿದ ಅಕ್ಕಿಯಲ್ಲಿ ಕಲ್ಲು ಸಿಗಲಿಲ್ಲ ಎಂದು ಜರಡಿಯನ್ನೇ ಎಸೆದರೆ ಹೇಗೆ? ಲೈಸೆನ್ಸ್ ಬೇಡ ಎನ್ನಲು ಬಳಸುವ ಈ ಅಂಕಿ ನನಗೆ ಲೈಸೆನ್ಸ್ ಬೇಕು ಎನ್ನುವುದಕ್ಕೆ ಇರುವ ಗಟ್ಟಿ ಆಧಾರವಾಗಿ ಕಾಣುತ್ತದೆ.

ಸಂಶೋಧಕರಲ್ಲಿ ಈ ಜಗಳ ಹಳೆಯದು. ಹೆಚ್ಚು ಜನ ಬಂದೂಕು ಧರಿಸಿದರೆ ಅಪರಾಧ ಇಳಿಯುತ್ತದೆ ಎಂದು ಜಾನ್ ಲಾಟ್ 1990ರ ದಶಕದ ಕೊನೆಯಲ್ಲಿ ವಾದಿಸಿದರು. 2004ರಲ್ಲಿ ಅಮೆರಿಕದ ರಾಷ್ಟ್ರೀಯ ಸಂಶೋಧನಾ ಮಂಡಳಿ ಎಲ್ಲವನ್ನೂ ಪರಿಶೀಲಿಸಿ, ಇಳಿಯುತ್ತದೆ ಎನ್ನಲೂ ಏರುತ್ತದೆ ಎನ್ನಲೂ ಪುರಾವೆ ಸಾಲದು ಎಂದಿತು. ಸ್ಟ್ಯಾನ್‌ಫರ್ಡ್‌ನ ಜಾನ್ ಡೊನೊಹ್ಯೂ ಮತ್ತು ಸಂಗಡಿಗರು 2019ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಧರಿಸುವ ಹಕ್ಕನ್ನು ಸಡಿಲಿಸಿದ ರಾಜ್ಯಗಳಲ್ಲಿ ಹತ್ತು ವರ್ಷದ ಹೊತ್ತಿಗೆ ಹಿಂಸಾತ್ಮಕ ಅಪರಾಧ, ಸಡಿಲಿಸದೆ ಇದ್ದಿದ್ದರೆ ಇರುತ್ತಿದ್ದುದಕ್ಕಿಂತ 13ರಿಂದ 15 ಪ್ರತಿಶತ ಹೆಚ್ಚಿತ್ತು. ಅದರ ಒಂದು ಕಾರಣ ಸರಳ: ಹೊರಗೆ ಓಡಾಡುವ ಬಂದೂಕು ಹೆಚ್ಚಿದಷ್ಟೂ ಕಾರಿನಿಂದ ಕದ್ದುಹೋಗುವ ಬಂದೂಕೂ ಹೆಚ್ಚುತ್ತದೆ, ಕದ್ದದ್ದು ಕಳ್ಳರ ಕೈಸೇರುತ್ತದೆ.

ಒಂದು ಎಚ್ಚರಿಕೆ. ಎಲ್ ಪಾಸೊ, 2022ರ ಮೇ 24ರಂದು 19 ಮಕ್ಕಳನ್ನೂ ಇಬ್ಬರು ಶಿಕ್ಷಕಿಯರನ್ನೂ ಬಲಿ ತೆಗೆದುಕೊಂಡ ಯುವಾಲ್ಡೆ, 2023ರ ಮೇ 6ರಂದು ಹೈದರಾಬಾದ್ ಮೂಲದ ಎಂಜಿನಿಯರ್ ಒಬ್ಬರೂ ಸೇರಿ ಎಂಟು ಜನ ಸತ್ತ ಅಲೆನ್ ಮಾಲ್, ಇವಕ್ಕೆಲ್ಲ ಪಿಸ್ತೂಲಿನ ಲೈಸೆನ್ಸ್ ತೆಗೆದದ್ದೇ ಕಾರಣ ಎನ್ನುವುದು ತಪ್ಪಾದೀತು. ಅಲ್ಲೆಲ್ಲ ಬಳಕೆಯಾದದ್ದು ರೈಫಲ್. ರೈಫಲಿಗೆ ಟೆಕ್ಸಸ್‌ನಲ್ಲಿ ಯಾವ ಕಾಲಕ್ಕೂ ಲೈಸೆನ್ಸ್ ಇರಲಿಲ್ಲ. ಕೈಬಂದೂಕಿನ ಸಾವುಗಳು ಹೆಚ್ಚಾಗಿ ಸುದ್ದಿಯಾಗದ ಸಾವುಗಳು. ಮನೆಯೊಳಗಿನ ಜಗಳ, ರಸ್ತೆಯಲ್ಲಿ ಕಾರು ಅಡ್ಡ ಬಂದದ್ದಕ್ಕೆ ಏರಿದ ಸಿಟ್ಟು, ಒಂಟಿ ಕೋಣೆಯ ಆತ್ಮಹತ್ಯೆ.

ನ್ಯಾಯಾಲಯಗಳ ಹೊಸ ದಾರಿ

2022ರ ಜೂನ್ 23ರಂದು ಅಮೆರಿಕದ ಸುಪ್ರೀಂ ಕೋರ್ಟ್ ನ್ಯೂಯಾರ್ಕ್‌ನ ‘ಬ್ರೂಯೆನ್’ ಪ್ರಕರಣದಲ್ಲಿ, ಬಂದೂಕಿನ ಯಾವುದೇ ನಿಯಂತ್ರಣಕ್ಕೂ ದೇಶದ ಇತಿಹಾಸದಲ್ಲಿ ಹೋಲಿಕೆ ಸಿಗಬೇಕು ಎಂದಿತು. ಟೆಕ್ಸಸ್‌ನ 1871ರ ಕಾಯ್ದೆಯನ್ನೂ ಆ ತೀರ್ಪು ಎತ್ತಿಕೊಂಡು, ಅದು ಒಂಟಿ ಅಪವಾದ, ಸಂಪ್ರದಾಯವಲ್ಲ ಎಂದು ಬದಿಗಿಟ್ಟಿತು. ನೂರಿಪ್ಪತ್ತಕ್ಕೂ ಹೆಚ್ಚು ವರ್ಷ ಒಂದು ದೊಡ್ಡ ರಾಜ್ಯದ ಜನ ಬಾಳಿದ ನಿಯಮ ಇತಿಹಾಸವಾಗದೆ ಇನ್ನೇನಾಗುತ್ತದೆ ಎಂದು ನನಗೆ ಅರ್ಥವಾಗಿಲ್ಲ.

ಪರಿಣಾಮ ಬೇಗ ಕಂಡಿತು. 2021ರ ಕಾಯ್ದೆ ಧರಿಸುವವರ ವಯಸ್ಸನ್ನು 21 ಎಂದೇ ಇಟ್ಟಿತ್ತು. 2022ರ ಆಗಸ್ಟ್‌ನಲ್ಲಿ ಫೋರ್ಟ್ ವರ್ತ್‌ನ ಒಕ್ಕೂಟ ನ್ಯಾಯಾಧೀಶ ಮಾರ್ಕ್ ಪಿಟ್‌ಮನ್ ಅದನ್ನು 18ರಿಂದ 20ರವರ ಮಟ್ಟಿಗೆ ಅಸಾಂವಿಧಾನಿಕ ಎಂದರು. ರಾಜ್ಯ ಮೇಲ್ಮನವಿ ಹಿಂತೆಗೆದುಕೊಂಡಿತು. ಹೀಗೆ ಟೆಕ್ಸಸ್‌ನಲ್ಲಿ ಈಗ ಬಿಯರ್ ಕೊಳ್ಳಲು 21 ಆಗಬೇಕು, ಸೊಂಟಕ್ಕೆ ಪಿಸ್ತೂಲು ಕಟ್ಟಿಕೊಳ್ಳಲು 18 ಸಾಕು. ತಡೆಗೋಡೆಗಳೆಲ್ಲ ಬಿದ್ದವೆಂದಲ್ಲ. 2024ರ ಜೂನ್ 21ರಂದು, ಟೆಕ್ಸಸ್‌ನಿಂದಲೇ ಹೋದ ‘ರಹಿಮಿ’ ಪ್ರಕರಣದಲ್ಲಿ, ಮನೆಯವರ ಮೇಲಿನ ಹಿಂಸೆಗೆ ನ್ಯಾಯಾಲಯದ ತಡೆಯಾಜ್ಞೆ ಇರುವವನ ಬಂದೂಕನ್ನು ಕಿತ್ತುಕೊಳ್ಳಬಹುದು ಎಂದು ಸುಪ್ರೀಂ ಕೋರ್ಟಿನ ಒಂಬತ್ತರಲ್ಲಿ ಎಂಟು ನ್ಯಾಯಮೂರ್ತಿಗಳು ಒಪ್ಪಿದರು.

ಲೈಸೆನ್ಸ್ ಇಲ್ಲದ ಕೋವಿ ನಮಗೆ ಹೊಸದಲ್ಲ ಎಂದು ಕೊಡಗಿನವರು ನೆನಪಿಸಬಹುದು. ಬ್ರಿಟಿಷರ ಕಾಲದಿಂದ ಕೊಡವರಿಗೂ ಜಮ್ಮಾ ಹಿಡುವಳಿದಾರರಿಗೂ ಇರುವ ವಿನಾಯಿತಿಯನ್ನು ಕೇಂದ್ರ ಸರ್ಕಾರ 2019ರಲ್ಲಿ ಮತ್ತೆ ಹತ್ತು ವರ್ಷಕ್ಕೆ ಮುಂದುವರಿಸಿತು, 2021ರಲ್ಲಿ ಕರ್ನಾಟಕ ಹೈಕೋರ್ಟ್ ಎತ್ತಿಹಿಡಿಯಿತು. ಅಲ್ಲಿ ಕೋವಿ ಮನೆತನಕ್ಕೆ, ನೆಲಕ್ಕೆ, ಕೈಲ್‌ಪೊಳ್ದ್ ದಿನದ ಪೂಜೆಗೆ ಕಟ್ಟಿಕೊಂಡದ್ದು. ಹಿರಿಯರ ಕಣ್ಣಮುಂದೆ ಕಿರಿಯರ ಕೈಗೆ ಬರುವಂಥದ್ದು. ಕಾಗದ ಇಲ್ಲದಿದ್ದರೂ ಕಲಿಕೆ ಇದೆ. ಟೆಕ್ಸಸ್‌ನಲ್ಲೂ ಅಪ್ಪನಿಂದ ಬೇಟೆ ಕಲಿತ ಮನೆಗಳು ಸಾವಿರಾರು ಇವೆ. ಆದರೆ ಮೂರು ಕೋಟಿ ಜನರ, ದಿನಾ ಹೊಸಬರು ಬಂದು ಇಳಿಯುವ ರಾಜ್ಯದಲ್ಲಿ ಆ ಕಲಿಕೆ ತಾನಾಗಿ ಎಲ್ಲರಿಗೂ ತಲಪುತ್ತದೆ ಎನ್ನಲಾಗದು.

ಅಲ್ಲಿರುವ ನಮ್ಮವರು

ಆ ಹೊಸಬರಲ್ಲಿ ಡಾಲಸ್, ಹ್ಯೂಸ್ಟನ್, ಆಸ್ಟಿನ್‌ನ ಕನ್ನಡಿಗರೂ ಇದ್ದಾರೆ. ಅವರಿಗೆ ಎಲ್ಲಕ್ಕಿಂತ ಮುಖ್ಯವಾದ ನಿಯಮ ಟೆಕ್ಸಸ್‌ನದಲ್ಲ, ಒಕ್ಕೂಟದ್ದು. ಎಚ್-1ಬಿ, ಎಚ್-4, ಎಫ್-1ರಂಥ ತಾತ್ಕಾಲಿಕ ವೀಸಾದಲ್ಲಿ ಇರುವವರು ಬಂದೂಕನ್ನಾಗಲಿ ಗುಂಡನ್ನಾಗಲಿ ಇಟ್ಟುಕೊಳ್ಳುವುದೇ ಅಪರಾಧ. ಚಾಲ್ತಿಯಲ್ಲಿರುವ ಬೇಟೆ ಲೈಸೆನ್ಸಿನಂಥ ಕೆಲವೇ ವಿನಾಯಿತಿಗಳಿವೆ. ಗ್ರೀನ್ ಕಾರ್ಡ್ ಇದ್ದವರಿಗೆ ಈ ನಿಷೇಧ ಇಲ್ಲ. 2022ರ ತಿದ್ದುಪಡಿಯ ನಂತರ ಗರಿಷ್ಠ ಶಿಕ್ಷೆ 15 ವರ್ಷ. ಗಡಿಪಾರಿಗೂ ಅದೇ ಸಾಕು. ‘ಟೆಕ್ಸಸ್‌ನಲ್ಲಿ ಈಗ ಲೈಸೆನ್ಸೇ ಬೇಡವಂತೆ’ ಎಂಬ ಅರ್ಧ ಮಾತು ಕೇಳಿಸಿಕೊಂಡವರಿಗೆ ಇದು ಗೊತ್ತಿರುವುದಿಲ್ಲ.

ವಾರಾಂತ್ಯಕ್ಕೆ ಆಫೀಸಿನ ಗೆಳೆಯರು ಗುರಿ ಅಭ್ಯಾಸಕ್ಕೆ ಕರೆಯುತ್ತಾರೆ, ನಕ್ಕು ಹೊರಟುಬಿಡುವುದು ಸುಲಭ. ಅಲ್ಲಿ ಬಾಡಿಗೆಗೆ ಕೈಗೆ ಬಂದ ಪಿಸ್ತೂಲೂ ಇಟ್ಟುಕೊಂಡಂತೆಯೇ ಲೆಕ್ಕ. ಫ್ಲೋರಿಡಾದಲ್ಲಿ ವಿದ್ಯಾರ್ಥಿ ವೀಸಾದ ಹಕ್ಕು ಕಳೆದುಕೊಂಡಿದ್ದ ಒಬ್ಬ ಇಂಥದೇ ಕೇಂದ್ರದಲ್ಲಿ ಗುಂಡು ಹಾರಿಸಿದ್ದಕ್ಕೆ ಸಿಕ್ಕಿಬಿದ್ದು, 2019ರಲ್ಲಿ ಅವನ ಮೊಕದ್ದಮೆ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ತನ್ನ ವಲಸೆ ಸ್ಥಿತಿ ಆರೋಪಿಗೆ ತಿಳಿದಿತ್ತು ಎಂದು ಸರ್ಕಾರ ಸಾಬೀತು ಮಾಡಬೇಕು ಎಂದಿತು ಕೋರ್ಟು. ಎಚ್-1ಬಿ ಕಾಗದ ಕೈಯಲ್ಲಿಟ್ಟುಕೊಂಡವರು ತನ್ನ ಸ್ಥಿತಿ ತನಗೆ ಗೊತ್ತಿರಲಿಲ್ಲ ಎನ್ನಲಾರರು. ಗಂಡನಿಗೆ ಪೌರತ್ವ ಬಂದು ಹೆಂಡತಿ ಇನ್ನೂ ತಾತ್ಕಾಲಿಕ ವೀಸಾದಲ್ಲಿದ್ದು ಮನೆಯಲ್ಲಿ ಪಿಸ್ತೂಲು ಇದ್ದರೆ ಅದರ ಬೀಗದ ಕೈ ಯಾರ ಹತ್ತಿರ ಇದೆ ಎಂಬುದೂ ಪ್ರಶ್ನೆಯಾಗಬಹುದು. ಮುಟ್ಟದಿದ್ದರೂ ಕೈಗೆಟುಕುವಂತಿದ್ದರೆ ಇಟ್ಟುಕೊಂಡಂತೆ ಎಂದು ಕಾನೂನು ನೋಡಬಲ್ಲದು.

ಅರ್ಹತೆ ಇದ್ದು, ಪಿಸ್ತೂಲು ಬೇಕೇ ಬೇಕು ಎನಿಸಿದವರಿಗೆ ನನ್ನ ಕಳಕಳಿಯ ಮಾತು: ಲೈಸೆನ್ಸ್ ಈಗಲೂ ಸಿಗುತ್ತದೆ, ಶುಲ್ಕ ಅದೇ 40 ಡಾಲರ್, ತರಗತಿಗೆ ಒಂದು ದಿನ. ಶಾಲಾ ವಲಯದ ವಿನಾಯಿತಿ ಅದರಿಂದಲೇ ಬರುತ್ತದೆ. ಮೂವತ್ತಕ್ಕೂ ಹೆಚ್ಚು ರಾಜ್ಯಗಳು ಅದನ್ನು ಮಾನ್ಯ ಮಾಡುತ್ತವೆ. ಅದಕ್ಕಿಂತ ದೊಡ್ಡದು, ಎಲ್ಲಿಗೆ ಒಯ್ಯಬಾರದು ಎಂದು ಒಬ್ಬರು ಎದುರು ಕೂತು ಹೇಳುತ್ತಾರೆ.

ಅಂಗಡಿ, ಹೋಟೆಲು ನಡೆಸುವವರೂ ದೇವಸ್ಥಾನದ ಸಮಿತಿಯವರೂ ಇನ್ನೊಂದು ನಿರ್ಧಾರ ಮಾಡಬೇಕಾಗಿದೆ. 2019ರ ಸೆಪ್ಟೆಂಬರ್ 1ರಿಂದ, ಅಂದರೆ ಒಡೆಸಾ ದುರಂತದ ಮರುದಿನದಿಂದ, ಪ್ರಾರ್ಥನಾ ಮಂದಿರಗಳೂ ಉಳಿದ ಖಾಸಗಿ ಜಾಗಗಳಂತೆಯೇ: ಬೇಡ ಎಂದು ಸೂಚನೆ ಕೊಡದಿದ್ದರೆ ಪಿಸ್ತೂಲು ಒಳಗೆ ಬರಬಹುದು. ಸುಮ್ಮನಿರುವುದೂ ಒಪ್ಪಿಗೆಯೇ. ಬೇಡ ಎಂದಾದರೆ ಮೂರೂ ಫಲಕ, ಎರಡೂ ಭಾಷೆ, ಇಂಚಿನ ಅಕ್ಷರ. ಅದನ್ನು ಕಡೆಗಣಿಸಿ ಬಂದವರಿಗೆ ಮೊದಲಿಗೆ 200 ಡಾಲರ್‌ವರೆಗೆ ದಂಡ. ಫಲಕ ಹಾಕಿರದಿದ್ದರೂ ಜಾಗದ ಹೊಣೆ ಹೊತ್ತವರು ಎದುರು ನಿಂತು ಹೊರಗೆ ಹೋಗಿ ಎಂದು ಬಾಯಲ್ಲಿ ಹೇಳಿದರೆ ಅದೂ ಸೂಚನೆಯೇ. ಹೇಳಿದ ಮೇಲೂ ಹೋಗದವರಿಗೆ ಒಂದು ವರ್ಷದವರೆಗೆ ಜೈಲು, 4000 ಡಾಲರ್‌ವರೆಗೆ ದಂಡ.